ರಾತ್ರಿಯ ಕಾಲಂ

ದೇವಬಾಗದ ದಂಡೆಯಿಂದ ಮಗಳು ಅದನ್ನು ತಂದದ್ದು
ನನ್ನ ಊಟದ ಡಬ್ಬಿಯಲ್ಲಿ.
ಹಳೇ ಪಾವಲಿಯಷ್ಟು ಅಗಲ, ಹೆಸರೂ ಪಾವಲಿ.
ಸನ್ಯಾಸಿ ಏಡಿ ಅಂದರಂತೆ ಅವಳ ಟೀಚರು.
ಸನ್ಯಾಸಿಯಂತೆ!
ಬಾಡಿಗೆ ಮನೆ ಹುಡುಕುವುದೇ ಅದರ ಜೀವಮಾನದ ಕಸುಬು.

ಅಂಚು ಒಡೆದ ಗಾಜಿನ ತೊಟ್ಟಿಗೆ ಗೇಣುದ್ದ ಮರಳು,
ಒಂದು ಚಿಪ್ಪಿನಲ್ಲಿ ಸಿಹಿನೀರು, ಇನ್ನೊಂದರಲ್ಲಿ ಸಮುದ್ರ,
ತೇವ ಆರದಂತೆ ಮೇಲೊಂದು ಒದ್ದೆ ಗೋಣಿ,
ಮನಸ್ಸು ಬದಲಾದರೆ ಇರಲಿ ಅಂತ ಖಾಲಿ ಶಂಖ ಐದಾರು.
ಪಕ್ಕದಲ್ಲಿ ನೋಟ್‌ಬುಕ್ಕು. ಮಯೂರಿ ಗೆರೆ ಎಳೆದಿದ್ದಳು:

ಬೆಳಿಗ್ಗೆ ಎಂಟು: ಮಲಗಿದೆ.
ಹನ್ನೆರಡು: ಮಲಗಿದೆ. ಎಡಗೈ ಬಾಗಿಲಿಗೆ ಅಡ್ಡ.
ನಾಲ್ಕು: ಮಲಗಿದೆ. ಮೀಸೆ ಅಲುಗಿತು. ಕನಸು?
ಬಲಗಡೆ ಇನ್ನೊಂದು ಕಾಲಂ, ತಲೆಬರಹ ‘ಬಾಬಾ’.
ಎಂಟು: ಬಂದರು. ಮಲಗಿದರು.
ಹನ್ನೆರಡು: ಮಲಗಿದ್ದಾರೆ. ಕೈ ಮುಖಕ್ಕೆ ಅಡ್ಡ.
ನಾಲ್ಕು: ಮೇಲಿನಂತೆ.

ಬೈತಖೋಲದ ಐಸ್ ಫ್ಯಾಕ್ಟರಿಯಲ್ಲಿ ನನಗೆ
ಹನ್ನೊಂದು ವರ್ಷದಿಂದ ರಾತ್ರಿ ಪಾಳಿ.
ಟ್ರಾಲರಿನ ಹೊಟ್ಟೆಗೆ ಮಂಜುಗಡ್ಡೆ ಪುಡಿ ಸುರಿದು
ಸೂರ್ಯನಿಗೆ ಬೆನ್ನು ಹಾಕಿ ಮನೆಗೆ ಬರುತ್ತೇನೆ.
ಕಿಟಕಿಗೆ ಕಂಬಳಿ. ಚಾಳಿನವರು ಕೇಳುತ್ತಾರೆ,
‘ಏನು ಮಾರಾಯಾ, ಹಗಲೆಲ್ಲ ನಿದ್ದೆಯೇ?’
ಏಡಿಯನ್ನೂ ಹಾಗೇ: ‘ಇದಕ್ಕೇನು ಕಾಯಿಲೆಯೋ?’
ಅಂತ ಬೆರಳಲ್ಲಿ ತಟ್ಟಿ ನೋಡುತ್ತಾರೆ.
ತಟ್ಟಬೇಡಿ. ನಿದ್ದೆಗಿರುವುದು ಒಂದೇ ಬಾಗಿಲು,
ಅದಕ್ಕೆ ಅವರವರ ಕೈಯೇ ಅಗುಳಿ.

ನೋಟ್‌ಬುಕ್ಕಿನಲ್ಲಿ ರಾತ್ರಿಯ ಮನೆಗಳೆಲ್ಲ ಖಾಲಿ.
ಆ ಹೊತ್ತಿಗೆ ಅವಳು ಮಲಗಿರುತ್ತಾಳೆ.
ನಾನು ಎದ್ದಿರುತ್ತೇನೆ, ಬೇರೆ ಕಡೆ.

ಜೂನ್ ಒಂದು. ಬೋಟುಗಳನ್ನು ಬಂದರಿನಲ್ಲಿ ಕಟ್ಟಿದರು.
ಮೀನುಗಾರಿಕೆ ಬಂದ್, ಫ್ಯಾಕ್ಟರಿಗೂ ಬೀಗ.
ಸರ್ಕಾರದ ಆದೇಶ ನನ್ನ ಮೈಗೆ ತಲುಪಲಿಲ್ಲ:
ರಾತ್ರಿ ಎರಡಕ್ಕೂ ಕಣ್ಣು ಟಾರ್ಚಿನ ಹಾಗೆ.
ಕರ್ ಕರ್ ಸದ್ದು. ಇಲಿ ಅಂದುಕೊಂಡೆ.

ಪಾವಲಿ! ಗಾಜಿಗೆ ಆತುಕೊಂಡು ಮೇಲೆ ಹತ್ತಿ,
ಶಂಖದ ಭಾರಕ್ಕೆ ಮಗುಚಿ ಬಿದ್ದು, ಮತ್ತೆ ಹತ್ತಿ,
ಒಣಸಿಗಡಿ ಚೂರು ಚೂರಾಗಿ ಮುರಿದು ತಿಂದು,
ಸಮುದ್ರದ ಚಿಪ್ಪಿನಲ್ಲಿ ಮೈ ತೋಯಿಸಿಕೊಂಡು,
ಒಂದೊಂದು ಖಾಲಿ ಶಂಖದ ಬಾಯಿಗೂ ಕೈಹಾಕಿ
ಗೋಡೆ ಸೋರುತ್ತದೋ ಎಂದು ನೋಡುವ ಬಾಡಿಗೆದಾರನಂತೆ
ಒಳಗೆಲ್ಲ ತಡಕಿ, ಬೇಡ ಅಂತ ಬಿಟ್ಟು ಬಂತು.
ಇಡೀ ಚಾಳಿನಲ್ಲಿ ಎಚ್ಚರಿದ್ದವರು ನಾವಿಬ್ಬರೇ.
ಪೆನ್ಸಿಲ್ ಹುಡುಕಿ ಬರೆದೆ:
ಎರಡು ಇಪ್ಪತ್ತು. ಕೆಲಸದಲ್ಲಿದೆ.

ಹದಿನೇಳು ರಾತ್ರಿ ಬರೆದೆ. ಹದಿನೆಂಟನೆಯದಕ್ಕೆ
ಮರಳು ಸಪಾಟು. ಶಂಖ ಇಲ್ಲ, ಪಾವಲಿಯೂ ಇಲ್ಲ.
ಒಂದು ವಾರ. ಮೂರು ವಾರ.
ಮಯೂರಿ ಚಮಚ ಹಿಡಿದು ನಿಂತಳು, ‘ಅಗೆಯಲಾ?’

ನನ್ನ ಆಯಿ ಬಂದಳು. ಹೆಸರು ಸುಗಂಧಾ,
ನಲವತ್ತು ವರ್ಷ ಮಾರ್ಕೆಟ್ಟಿನಲ್ಲಿ ಬಂಗಡೆ ಬುಟ್ಟಿಯ ಹಿಂದೆ ಕೂತವಳು.
ಗೋಣಿ ಸರಿಸಿ, ಮೂಗುತಿ ಮರಳಿಗೆ ತಾಗುವಷ್ಟು ಬಗ್ಗಿ
ಉಸಿರೆಳೆದಳು.
ಯಾವ ಡಾಕ್ಟರೂ ನನಗೆ ಅಷ್ಟು ಹೊತ್ತು ಕೊಟ್ಟಿಲ್ಲ.
‘ಸತ್ತಿದ್ದರೆ ಮೂರನೇ ದಿನವೇ ನನಗೆ ಗೊತ್ತಾಗ್ತಿತ್ತು.
ಇದು ಬರೀ ಒದ್ದೆ ಮರಳಿನ ವಾಸನೆ. ಪೊರೆ ಬಿಡ್ತಾ ಇದೆ.
ಈಗ ಅದರ ಮೈ ಬೆಣ್ಣೆ. ಚಮಚ ಒಳಗಿಡು.’

ಆಗಸ್ಟಿನಲ್ಲಿ ಬೋಟುಗಳು ಹೊರಟವು, ನಾನೂ ಹೊರಟೆ.
ಒಂದು ಬೆಳಿಗ್ಗೆ, ಬೆರಳಿನ್ನೂ ಮರಗಟ್ಟಿರುವಾಗಲೇ, ನೋಡುತ್ತೇನೆ:
ಮರಳಿನ ಮೇಲೆ ಸೂಜಿ ಚುಚ್ಚಿದಂಥ ಸಾಲು.
ಅವತ್ತು ಬೇಡ ಅಂದಿತ್ತಲ್ಲ, ಅದೇ ಶಂಖದೊಳಗೆ ಪಾವಲಿ,
ಹೊಸ ಎಡಗೈ ಬಾಗಿಲಿಗೆ ಅಡ್ಡ.

ನೋಟ್‌ಬುಕ್ಕಿನಲ್ಲಿ ಮಗಳ ಅಕ್ಷರ, ಸೊಟ್ಟ:
ರಾತ್ರಿ ಮೂರು. ಎದ್ದಿದೆ. ನಾನೂ.
ಬಾಬಾ: ಕೆಲಸದಲ್ಲಿದ್ದಾರೆ.

ಶಾಲೆಗೆ ಎಬ್ಬಿಸುವ ಹೊತ್ತು ಮೀರಿತ್ತು.
ಅವಳು ಚಾಪೆಯ ಮೇಲೆ ಮುದುಡಿ,
ಕೈ ಮುಖಕ್ಕೆ ಅಡ್ಡ.
ಕಿಟಕಿಗೆ ಕಂಬಳಿ ಎಳೆದು ಆಯಿಗೆ ಹೇಳಿದೆ,
ಇವತ್ತೊಂದು ದಿನ ಇರಲಿ ಬಿಡು.